ಒಳಕಲ್ಲಿನ ಬುಡದ ಮೂರು ಆನೆಗಳು

ನಾನು ಓದಿದ್ದು ಮೂರನೇ ಇಯತ್ತೆ. ಅದೂ ಪೂರ್ತಿ ಅಲ್ಲ. ದೀಪಾವಳಿ ರಜೆಗೆ ಮನೆಗೆ ಬಂದವಳನ್ನು ಎಮ್ಮೆ ಕಾಯಲು ಕಳಿಸಿದರು. ಎಮ್ಮೆಗಳಿಗೆ ರಜೆ ಮುಗಿಯಲೇ ಇಲ್ಲ, ನನಗೆ ಶಾಲೆ ತೆರೆಯಲೇ ಇಲ್ಲ. ಆದರೆ ಕೊಲೆಗಾರರನ್ನು ಹಿಡಿಯಲು ಮೂರನೇ ಇಯತ್ತೆ ಸಾಕೇ ಸಾಕು. ಇದುವರೆಗೆ ನಾನು ಎಂಬತ್ತಕ್ಕೂ ಹೆಚ್ಚು ಕೊಲೆಗಾರರನ್ನು ಹಿಡಿದಿದ್ದೇನೆ. ಒಬ್ಬನೂ ತಪ್ಪಿಸಿಕೊಂಡಿಲ್ಲ!

ಹೇಗೆಂದರೆ, ನಮ್ಮವರು ಬಸ್ ಕಂಡಕ್ಟರ್ ಆಗಿದ್ದರು. ಮಂದಿ ಸೀಟಿನ ಮೇಲೆ ಬಿಟ್ಟುಹೋದ ಪತ್ತೇದಾರಿ ಪುಸ್ತಕಗಳನ್ನು ಮನೆಗೆ ತಂದು ಹಾಕುತ್ತಿದ್ದರು. ಅಕ್ಷರ ಕೂಡಿಸಿ ಕೂಡಿಸಿ ನಾನು ಓದು ಕಲಿತದ್ದೇ ಅವುಗಳಿಂದ. ಬಸ್ಸಿನಲ್ಲಿ ಬಿದ್ದ ಪುಸ್ತಕ ಅಂದಮೇಲೆ ಮೈ ನೆಟ್ಟಗಿರುತ್ತದೆಯೇ? ಕೊನೆಯ ಹಾಳೆಗಳು ಯಾರದೋ ಶೇಂಗಾ ಕಟ್ಟಲು ಹೋಗಿರುತ್ತಿದ್ದವು. ಪತ್ತೇದಾರ ಎಲ್ಲರನ್ನೂ ಒಂದು ಕೋಣೆಯಲ್ಲಿ ಕೂಡಿಸಿ, ಸಿಗರೇಟು ಹಚ್ಚಿ, "ಕೊಲೆಗಾರ ಬೇರೆ ಯಾರೂ ಅಲ್ಲ, ಆತ..." ಅನ್ನುವಷ್ಟರಲ್ಲಿ ಪುಸ್ತಕ ಮುಗಿಯುತ್ತಿತ್ತು! ಉಳಿದ ಕೆಲಸ ನನ್ನ ಪಾಲಿಗೆ. ರೊಟ್ಟಿ ಬಡಿಯುತ್ತ ವಿಚಾರ ಮಾಡಿ, ಮೂರನೇ ರೊಟ್ಟಿ ಹೆಂಚಿಗೆ ಬೀಳುವುದರೊಳಗೆ ಕೊಲೆಗಾರನನ್ನು ಹಿಡಿದಿರುತ್ತಿದ್ದೆ. ನನ್ನ ತೀರ್ಪು ತಪ್ಪೆಂದು ಇಂದಿನವರೆಗೆ ಒಬ್ಬರೂ ಸಾಬೀತು ಮಾಡಿಲ್ಲ.

ಬಗೆಹರಿಯದೆ ಉಳಿದದ್ದು ಒಂದೇ ಒಂದು ಪ್ರಕರಣ. ಅದರಲ್ಲಿ ನಾನೇ ಆರೋಪಿ!

ನಮ್ಮ ಅತ್ತೆ ತಾನವ್ವನ ಕೊರಳಲ್ಲಿ ಪುತಳಿ ಸರ ಇತ್ತು. ಹೆಬ್ಬೆರಳಿನ ಉಗುರಿನಷ್ಟು ಅಗಲದ ಹನ್ನೊಂದು ಬಂಗಾರದ ನಾಣ್ಯಗಳನ್ನು ಪೋಣಿಸಿದ ಸರ. ನಾನು ತವರೂರು ಸತ್ತಿಯಿಂದ ಈ ಮನೆಗೆ ಸೊಸೆಯಾಗಿ ಬಂದ ಮೊದಲ ವರ್ಷವೇ ಅದರಲ್ಲಿ ಒಂದು ಪುತಳಿ ಮಾಯವಾಯಿತು. ಅತ್ತೆ ಎದೆ ಬಡಿದುಕೊಳ್ಳಲಿಲ್ಲ, ಶಾಪ ಹಾಕಲಿಲ್ಲ. ಕಟ್ಟೆಯ ಮೇಲೆ ಕೂತು, ಕೇಳಿದವರಿಗೆಲ್ಲ ಒಂದೇ ಮಾತು ಹೇಳಿದರು: "ನನ್ನ ಪುತಳಿ ಸೊಸಿ ಹಂತ್ಯಾಕ ಐತಿ." ಸೊಸೆಯ ಹತ್ತಿರ ಇದೆ ಎಂದು, ಅಷ್ಟೇ. ಉಳಿದದ್ದನ್ನು ಓಣಿ ತಾನೇ ತುಂಬಿಕೊಂಡಿತು. ಚಂಪವ್ವ, ಅಂದರೆ ನಾನು, ಅದನ್ನು ಸತ್ತಿಗೆ ಮುಟ್ಟಿಸಿದ್ದಾಳೆ, ತಮ್ಮನ ಮದುವೆಗೆ ಉಂಗುರ ಮಾಡಿಸಿದ್ದಾಳೆ, ಹೀಗೆ. ನನಗೆ ತಮ್ಮನೇ ಇಲ್ಲ!

ಐವತ್ತು ವರ್ಷ ಕಳೆದವು. ಅತ್ತೆ ಸತ್ತು ಇಪ್ಪತ್ತು ವರ್ಷವಾಯಿತು. ಆ ಸರ ಕಾಗವಾಡದಲ್ಲಿರುವ ನಾದಿನಿ ಶಕುಂತಲೆಯ ಪಾಲಿಗೆ ಹೋಯಿತು. ಕೊಡುವ ದಿನ ನಾನು ಅದರ ಕಡೆ ಕಣ್ಣೆತ್ತಿಯೂ ನೋಡಲಿಲ್ಲ, ಮುಖ ತಿರುವಿ ಕೂತೆ. ಆದರೆ ಹೆಸರು ಮಾತ್ರ ಹೋಗಲಿಲ್ಲ. ಓಣಿಯಲ್ಲಿ ಕೋಳಿ ಕಳೆದರೂ "ಮೊದಲ ಚಂಪವ್ವನ ಬುಟ್ಟ್ಯಾಗ ನೋಡ್ರಿ" ಎಂದು ನಗುತ್ತಾರೆ. ನಾನು ಕಾಗವಾಡಕ್ಕೆ ಹೋದರೆ ನಾದಿನಿ "ಬರ್ರಿ ವೈನಿ" ಅನ್ನುವ ಮೊದಲು ಕಪಾಟಿಗೆ ಕೀಲಿ ಹಾಕುವ ಸಪ್ಪಳ ಕೇಳುತ್ತದೆ. ನನಗೆ ಎಪ್ಪತ್ತು ದಾಟಿದೆ. ಮೊಮ್ಮಕ್ಕಳು ಮದುವೆಯ ವಯಸ್ಸಿಗೆ ಬಂದಿದ್ದಾರೆ. ಸಾಯುವುದಕ್ಕೆ ನನಗೇನೂ ಅಡ್ಡಿಯಿಲ್ಲ, ಆದರೆ ಕಳ್ಳಿಯಾಗಿ ಸಾಯಲು ಮನಸ್ಸಿಲ್ಲ.

ಹೀಗಿರುವಾಗ ಈ ವರ್ಷ ಸೊಸೆ ರೇಖಾ ಅಡುಗೆಮನೆಗೆ ಕೈ ಹಾಕಿದಳು. ನೆಲಕ್ಕೆ ಹೊಸ ಫರಸಿ, ಹೊಸ ಗ್ಯಾಸಿನ ಕಟ್ಟೆ, ಗೋಡೆಗೆ ಹೂವಿನ ಟೈಲ್ಸು. ಐತವಾರ ಅವಳ ತಾಯಿ-ತಂದೆ ರಾಯಬಾಗ ಕಡೆಯಿಂದ ಬರುವವರಿದ್ದರು, ಅಷ್ಟರೊಳಗೆ ಮುಗಿಯಬೇಕು. ಸೋಮವಾರ ಗೌಂಡಿ ಮಾರುತಿ ಬಂದು, ನೆಲದಲ್ಲಿ ಹುಗಿದಿದ್ದ ಅತ್ತೆಯ ಕಾಲದ ಒಳಕಲ್ಲನ್ನು ಹಾರೆ ಹಾಕಿ ಎತ್ತಿದ.

"ಆಯೀ, ಕಲ್ಲಿನ ಬುಡದಾಗ ಏನೋ ಡಬ್ಬಿ ಐತ್ರಿ" ಎಂದ.

ಎಂಬತ್ತು ಪುಸ್ತಕಗಳ ಅನುಭವ ಒಮ್ಮೆಲೇ ಮೈಮೇಲೆ ಬಂತು!

"ಮುಟ್ಟಬ್ಯಾಡ! ಕೈ ಮ್ಯಾಲ ಮಾಡು!"

ಪಾಪ, ಮಾರುತಿ ಎರಡೂ ಕೈ ಮೇಲೆ ಎತ್ತಿದ. ಹಾರೆ ಕಾಲ ಮೇಲೆ ಬಿತ್ತು. ಅವನು ಒಂದು ಕಾಲ ಮೇಲೆ ಕುಣಿಯುತ್ತಿರುವಾಗ ನಾನು ಡಬ್ಬಿಯನ್ನು ವಶಪಡಿಸಿಕೊಂಡೆ. ತುಕ್ಕು ಹಿಡಿದ ತಗಡಿನ ಡಬ್ಬಿ. ಒಳಗೆ ಚಿಂದಿ ಬಟ್ಟೆ. ಬಟ್ಟೆಯಲ್ಲಿ ಹಸಿರು ಕಿಲುಬು ಹಿಡಿದ ಮೂರು ದುಂಡನೆಯ ನಾಣ್ಯ!

ಆ ಒಳಕಲ್ಲಿನಲ್ಲಿ ರುಬ್ಬುತ್ತಿದ್ದದ್ದು ನಾನು. ಅದರ ಹತ್ತಿರ ಬೇರೆಯವರನ್ನು ಬಿಡದೆ ಕಾಯುತ್ತಿದ್ದದ್ದು ಅತ್ತೆ. ನಾನು ತವರಿಗೆ ಹೋದಾಗ ಕಲ್ಲು ಸರಿಸಿ ಬುಡಕ್ಕೆ ಗಿಲಾವು ಮಾಡಿಸಿದ್ದೂ ಅತ್ತೆ. ಎರಡು ಮತ್ತು ಎರಡು ನಾಲ್ಕು. ಅಡಗಿಸಿಡುವ ಚಟ ಅತ್ತೆಯದು. ಅಂದರೆ ಪುತಳಿಯನ್ನು ಅಡಗಿಸಿದ್ದೂ ಅವರೇ. ಅದು ಇಲ್ಲೇ ಕೆಳಗೆ ಎಲ್ಲೋ ಇದೆ! ಐವತ್ತು ವರ್ಷ ನಾನು ನನ್ನ ನಿರಪರಾಧಿತನದ ಮೇಲೆಯೇ ಕೂತು ಚಟ್ನಿ ರುಬ್ಬಿದ್ದೆ!

ಕೂಡಲೇ ತನಿಖೆ ಆರಂಭಿಸಲಾಯಿತು. ಮೊದಲನೆಯದಾಗಿ, ಘಟನಾ ಸ್ಥಳಕ್ಕೆ ಯಾರೂ ಕಾಲಿಡದಂತೆ ಬಾಗಿಲಿಗೆ ಹೊರಸಿನ ಹಗ್ಗ ಕಟ್ಟಿದೆ. ಗ್ಯಾಸು, ಕುಕ್ಕರು, ಹಿಟ್ಟಿನ ಡಬ್ಬಿ ಎಲ್ಲ ಪಡಸಾಲೆಗೆ ಬಂದವು. ಎರಡನೆಯದಾಗಿ, ಬೆರಳಚ್ಚು. ಪುಸ್ತಕಗಳಲ್ಲಿ ಏನೋ ಬಿಳಿ ಪುಡಿ ಉದುರಿಸುತ್ತಾರೆ. ನಮ್ಮ ಮನೆಯಲ್ಲಿದ್ದ ಬಿಳಿ ಪುಡಿ ವಿಭೂತಿ.

ನಮ್ಮವರು ಕನ್ನಡಕ ಹುಡುಕುತ್ತ ಬಂದವರು ನಿಂತು ನೋಡಿದರು.

"ಏನಬೇ, ಡಬ್ಬಿಗೆ ವಿಭೂತಿ ಹಚ್ಚಾಕತ್ತಿ? ದೀಕ್ಷಾ ಕೊಡ್ತೀಯೇನು ಅದಕ್ಕ?"

"ಬೆರಳಿನ ಗುರುತ ತಗಿಯಾಕತ್ತೀನಿ. ಸುಮ್ಮನ ಕುಂದರ್ರಿ."

"ಯಾರ ಬೆರಳು?"

"ನಿಮ್ಮವ್ವಂದು."

"ಆಕಿ ಸತ್ತ ಇಪ್ಪತ್ತ ವರ್ಸಾತು!"

"ಮಂದಿ ಸಾಯ್ತಾರ, ಕಳ್ಳತನ ಸಾಯಂಗಿಲ್ಲ."

ನಮ್ಮವರು ನಿಧಾನಕ್ಕೆ ತಿರುಗಿ ಹೋಗಿ ನನಗೊಂದು ಕಪ್ ಚಹಾ ಮಾಡಿ ತಂದರು. ಮದುವೆಯಾದ ಮೇಲೆ ಅವರು ತಾವಾಗಿ ಒಲೆ ಹಚ್ಚಿದ್ದು ಅದೇ ಮೊದಲ ಸಲ. ಪತ್ತೇದಾರಿಣಿಯಾದ ನಾನು ಇದನ್ನು ಗಮನಿಸಿದೆ. ಗಮನಿಸಿ, ಸಕ್ಕರೆ ಕಡಿಮೆಯಾಗಿದೆ ಎಂದೆ.

ವಿಭೂತಿಯಲ್ಲಿ ಒಂದು ಹೆಬ್ಬೆರಳು ಸ್ಪಷ್ಟವಾಗಿ ಮೂಡಿತು! ಹೋಲಿಸಿ ನೋಡಲು ಇರಲೆಂದು ನನ್ನ ಬೆರಳಿಗೆ ಕುಂಕುಮ ಹಚ್ಚಿ ಕಾಗದದ ಮೇಲೆ ಒತ್ತಿದೆ. ಗೆರೆಗೆ ಗೆರೆ ಕೂಡಿತು. ಕೂಡದೆ ಏನು ಮಾಡುತ್ತದೆ? ಅರ್ಧ ತಾಸಿನಿಂದ ಡಬ್ಬಿಯನ್ನು ಎದೆಗೆ ಅವಚಿಕೊಂಡು ಕೂತವಳು ನಾನೇ!

ಇರಲಿ. ನಾಣ್ಯಗಳನ್ನು ಹುಣಸೆಹಣ್ಣಿನ ನೀರಲ್ಲಿ ನೆನೆಹಾಕಿ, ಬೂದಿಯಿಂದ ಗಸಗಸ ತಿಕ್ಕಿದೆ. ಹಳದಿ ಬಣ್ಣ ಫಳಫಳ ಬಂತು. ಒಂದು ಮಗ್ಗುಲಿಗೆ ಸೊಂಡಿಲೆತ್ತಿದ ಆನೆ! ಆನೆಯ ಕೆಳಗೆ ಏನೋ ಅಂಕಿ. ಇನ್ನೊಂದು ಮಗ್ಗುಲು ನುಣ್ಣಗೆ. ನೆತ್ತಿಯಲ್ಲಿ ಒಂದು ತೂತು. ಮೂರಕ್ಕೂ ಹಾಗೇ. ಆನೆ ಅಂದರೆ ಅರಸರು! ಅರಸರು ಅಂದರೆ ಭಂಡಾರ! ನಮ್ಮ ಅತ್ತೆ ಪುತಳಿ ಒಂದನ್ನೇ ಅಲ್ಲ, ಏನೇನನ್ನು ನುಂಗಿ ಕೂತಿದ್ದರೋ!

ಮಂಗಳವಾರ ಬೆಳಗಿನ ಬಸ್ಸಿಗೆ ರಾಯಬಾಗಕ್ಕೆ ಹೊರಟೆ. ಅಲ್ಲಿ ನಿವೃತ್ತರಾದ ಒಬ್ಬ ಮಾಸ್ತರರು ಹಳೆಯ ನಾಣ್ಯ ಕೂಡಿಹಾಕುತ್ತಾರೆಂದು ರೇಖಾ ಹಿಂದೊಮ್ಮೆ ಹೇಳಿದ್ದಳು. ಸೆರಗಿನ ತುದಿಗೆ ಮೂರು ಆನೆಗಳನ್ನು ಗಂಟು ಹಾಕಿ, ಗಂಟನ್ನು ಮುಷ್ಟಿಯಲ್ಲಿ ಹಿಡಿದು, ಆ ಮುಷ್ಟಿಯನ್ನು ಇನ್ನೊಂದು ಮುಷ್ಟಿಯಲ್ಲಿ ಹಿಡಿದು ಕೂತಿದ್ದೆ. ಟಿಕೇಟು ಕೇಳಲು ಬಂದ ಕಂಡಕ್ಟರನ ಮೇಲೂ ಸಂಶಯ ಬಂತು. ಕಂಡಕ್ಟರ್ ಜಾತಿಯ ಮೇಲೆ ನನಗೆ ಸಂಶಯ ಬಂದದ್ದು ಅಂದು ಮಾತ್ರ.

ಮಾಸ್ತರರು ಒಳ್ಳೆಯವರು. ಕೂಡಿಸಿ ನೀರು ಕೊಟ್ಟರು. ನಾನು ಗಂಟು ಬಿಚ್ಚಿದೆ. ಅವರ ಮುಖ ಬಾಡಿತು.

"ಯವ್ವಾ, ಇವನ್ನ ತೊಳದೀರೇನು?"

"ಹುಣಸಿಹಣ್ಣ ಹಚ್ಚಿ ತಿಕ್ಕೀನ್ರಿ! ಹೆಂಗ ಹೊಳಿತಾವ ನೋಡ್ರಿ!"

ಮಾಸ್ತರರು ಹಣೆ ಹಿಡಿದುಕೊಂಡರು. "ಹಳೀ ಸಾಮಾನ ಹಿಂಗ ತಿಕ್ಕಬಾರದ್ರಿ. ಆ ಹಸರ ಕಿಲುಬಿನ್ಯಾಗ ಅದರ ವಯಸ್ಸ ಇರತೈತಿ, ಕಥಿ ಇರತೈತಿ. ನೀವು ಕಥೀನ ತಿಕ್ಕಿ ಬಚ್ಚಲಕ್ಕ ಬಿಟ್ಟೀರಿ."

ಆಮೇಲೆ ತಮ್ಮ ಮರದ ಪೆಟ್ಟಿಗೆ ತೆರೆದು ತೋರಿಸಿದರು. ಬಿಜಾಪುರದ ಬಾದಶಹರ ಕಾಲದ ತಾಮ್ರದ ದುಡ್ಡು, ಕಂಪನಿ ಸರಕಾರದ ಕಾಲಾಣೆ, ರಾಣಿಯ ಮುಖವಿದ್ದ ಬೆಳ್ಳಿ ರೂಪಾಯಿ. ಒಂದು ರೂಪಾಯಿ ಎತ್ತಿ ನನ್ನ ಅಂಗೈಯಲ್ಲಿಟ್ಟರು. "ರಾಜಾ ತನ್ನ ಬಗ್ಗೆ ಕಲ್ಲಿನ ಮ್ಯಾಲ ಏನರ ಸುಳ್ಳ ಬರಸ್ತಾನ್ರಿ. ನಾಣ್ಯ ಸುಳ್ಳ ಹೇಳಂಗಿಲ್ಲ. ಬೆಳ್ಳ್ಯಾಗ ತಾಮ್ರ ಹೆಚ್ಚಾತಂದ್ರ ಭಂಡಾರ ಖಾಲಿ ಆಗೇತಿ ಅಂತ ಲೆಕ್ಕ. ಅಂಚ ಸವದ್ರ ಭಾಳ ಕೈ ದಾಟೇತಿ. ಸವೀಲೇ ಇಲ್ಲಂದ್ರ ಯಾರೋ ಹೆದರಿ ಹುಗದಿಟ್ಟಾರ. ಸತ್ತವರು ಮಾತಾಡಂಗಿಲ್ಲ, ಅವರ ಕೈಯಾಗಿನ ವಸ್ತು ಮಾತಾಡತೈತಿ."

ನಾನು ಕುರ್ಚಿಯಿಂದ ಅರ್ಧ ಎದ್ದೇಬಿಟ್ಟೆ! ಇದು ನನ್ನ ಪುಸ್ತಕಗಳದ್ದೇ ದಂಧೆ! ಅಲ್ಲಿ ಹೆಣ, ಇಲ್ಲಿ ಅರಸ. ಅಲ್ಲಿ ಅಂಗಿಯ ಗುಂಡಿ, ಇಲ್ಲಿ ನಾಣ್ಯ. ಇಷ್ಟು ವರ್ಷ ನಾನು ರೊಟ್ಟಿ ಬಡಿಯುತ್ತ ಮಾಡಿದ್ದನ್ನು ಈ ಮನುಷ್ಯ ಭೂತಗನ್ನಡಿ ಹಿಡಿದು ಮಾಡುತ್ತಿದ್ದಾನೆ, ಅಷ್ಟೇ ವ್ಯತ್ಯಾಸ!

ಭೂತಗನ್ನಡಿ ಈಗ ನನ್ನ ಆನೆಗಳ ಮೇಲೆ ಬಂತು. ಮಾಸ್ತರರು ಬಹಳ ಹೊತ್ತು ನೋಡಿದರು.

"ತೂತಿನ ಅಂಚ ಸವದೈತಿ. ದಾರ ಹಾಕಿ ಮೈಮ್ಯಾಲ ಕಟ್ಟಿಕೊಂಡಾರ. ಹಿಂದಿನ ಮಗ್ಗಲ ಅರಬಿಗೆ ತಿಕ್ಕಿ ನುಣ್ಣಗಾಗೇತಿ. ಖರೆ ಹೇಳಲೇನ್ರಿ? ಇವು ನಾಣ್ಯ ಅಲ್ಲ. ಬರೇ ಹಿತ್ತಾಳಿ. ಯಾವ ರಾಜಾನೂ ರೊಕ್ಕಕ್ಕ ನಂಬರ ಹೊಡಿಯಂಗಿಲ್ಲ. ಒಂದ ವಾರ ಇಲ್ಲೇ ಬಿಟ್ಟುಹೋಗ್ರಿ, ತಿಳದವ್ರನ್ನ ಕೇಳಿ ಹೇಳ್ತೀನಿ."

ಬಿಟ್ಟುಹೋಗಬೇಕಂತೆ! ನನ್ನ ಕಿವಿ ನೆಟ್ಟಗಾದವು. ಪುಸ್ತಕಗಳಲ್ಲಿ "ಇದು ಬರೀ ಗಾಜು, ಇಲ್ಲೇ ಬಿಟ್ಟುಹೋಗು" ಎಂದ ಮನುಷ್ಯನ ಮನೆಯಲ್ಲೇ ಕೊನೆಗೆ ವಜ್ರ ಸಿಗುವುದು. "ಬಸ್ಸ ಬಂತ್ರಿ" ಎಂದು ಹೇಳಿ, ಆನೆಗಳನ್ನು ಕಸಿದುಕೊಂಡು ಎದ್ದೆ. ಬಸ್ ಸ್ಟ್ಯಾಂಡು ಅಲ್ಲಿಂದ ಒಂದು ಮೈಲು. ಕೊಟ್ಟ ಚಹಾ ಕೂಡ ಕುಡಿಯಲಿಲ್ಲ. ಒಬ್ಬ ಪ್ರಾಮಾಣಿಕ ಮನುಷ್ಯ ಸತ್ಯವನ್ನು ಬಾಯಿಬಿಟ್ಟು ಹೇಳಿದ್ದ. ನಾನು ಅವನನ್ನು ಕಳ್ಳರ ಯಾದಿಗೆ ಸೇರಿಸಿ ಮನೆಗೆ ಬಂದೆ.

ಬುಧವಾರ ಮಾರುತಿಗೆ ಅಪ್ಪಣೆಯಾಯಿತು: ಅಗೆ!

"ಎಷ್ಟ ಅಗೀಲ್ರಿ ಆಯೀ?"

"ಸತ್ಯ ಸಿಗೂತನಕ."

"ಅದೆಷ್ಟ ಫೂಟಿಗೆ ಸಿಗತೈತ್ರಿ?"

ಒಳಕಲ್ಲಿನ ಜಾಗದಲ್ಲಿ ಮೊಣಕಾಲು ಮಟ ಅಗೆದ. ಸಿಗಲಿಲ್ಲ. ಒಲೆಯ ಜಾಗದಲ್ಲಿ ಅಗೆಸಿದೆ. ಸಿಗಲಿಲ್ಲ. ಅತ್ತೆ ಗೋಡೆಗೆ ಒರಗಿ ಕೂರುತ್ತಿದ್ದ ಮೂಲೆ ನೆನಪಾಯಿತು, ಅದನ್ನೂ ಅಗೆಸಿದೆ. ಅಲ್ಲಿ ತುಕ್ಕು ಹಿಡಿದ ಒಂದು ಸವಟು ಸಿಕ್ಕಿತು. ನನಗೆ ಹುರುಪು ಇನ್ನೂ ಏರಿತು! ಗುರುವಾರ ಮಧ್ಯಾಹ್ನದ ಹೊತ್ತಿಗೆ ಮಾರುತಿ ಎದೆಯ ತನಕ ಕುಣಿಯಲ್ಲಿ ನಿಂತಿದ್ದ.

"ಆಯೀ, ಇನ್ನ ಕೆಳಗ ಹ್ವಾದ್ರ ಹಾವಿನ ಲೋಕ ಬರತೈತ್ರಿ."

"ಬರಲಿ. ಅವನ್ನೂ ವಿಚಾರಣೆ ಮಾಡೋಣಂತ. ಹೊಡಿ!"

ಹೊಡೆದ. ಪುತಳಿ ಬರಲಿಲ್ಲ, ನೀರು ಬಂತು! ನಳದ ಪೈಪು ಒಡೆದು ಕಾರಂಜಿಯಂತೆ ಮಾಡಿನ ತನಕ ಹಾರಿತು. ಮಾರುತಿ ಕುಣಿಯಿಂದ ಹೊರಗೆ ಬಂದನೋ ನೀರೇ ಅವನನ್ನು ಎತ್ತಿ ತಂದಿತೋ ಹೇಳಲಾರೆ. ಗೋಡೆಗೆ ಒರಗಿಸಿಟ್ಟಿದ್ದ ಹೂವಿನ ಟೈಲ್ಸಿನ ರಟ್ಟಿನ ಪೆಟ್ಟಿಗೆಗಳು ನೆನೆದು ಬಿಚ್ಚಿಕೊಂಡವು. ಒಂದೊಂದೇ ಟೈಲು ಟಪ್ ಟಪ್ ಎಂದು ಕುಣಿಗೆ ಹಾರಿಕೊಂಡಿತು.

ರೇಖಾ ಬಾಗಿಲಲ್ಲಿ ನಿಂತು ನೋಡಿದಳು. ಅವಳು ಸಾಮಾನ್ಯಕ್ಕೆ ಧ್ವನಿ ಏರಿಸುವವಳಲ್ಲ. ಅಂದೂ ಏರಿಸಲಿಲ್ಲ. ಅದೇ ಹೆಚ್ಚು ಹೆದರಿಕೆ ಹುಟ್ಟಿಸಿತು.

"ಅತ್ತೀ, ಐತವಾರ ನಮ್ಮವ್ವ-ಅಪ್ಪ ಬರ್ತಾರ. ಅವರಿಗೆ ಅಡಗಿಮನಿ ತೋರಸ್ಲೋ, ಬಾಂವಿ ತೋರಸ್ಲೋ?"

"ನಿನ್ನ ಅತ್ತಿ ಮ್ಯಾಲಿನ ಕಳ್ಳತನದ ಕಳಂಕ ಹೋಗೂದು ದೊಡ್ಡದೋ, ನಾಕ ಟೈಲ್ಸ ದೊಡ್ಡವೋ?"

"ಅದನ್ನ ನಾ ಯಾವತ್ತರ ಕೇಳೀನೇನ್ರಿ? ನೀವ ಕಳ್ಳಿ ಇದ್ರೂ ನನಗ ನಡೀತಿತ್ತು. ನನಗ ಕಟ್ಟಿ ಬೇಕಾಗಿತ್ತು."

ಪ್ರಕರಣವನ್ನು ಕೂಡಲೇ ಮುಗಿಸುವುದೊಂದೇ ದಾರಿ. ಪುತಳಿ ಸಿಗದಿದ್ದರೇನಾಯಿತು, ಮೂರು ಆನೆಗಳಿವೆ. ಎಲ್ಲರನ್ನೂ ಒಂದು ಕೋಣೆಯಲ್ಲಿ ಕೂಡಿಸಿ, ಒಬ್ಬೊಬ್ಬರ ಮುಖ ನೋಡುತ್ತ ಸಾಕ್ಷ್ಯ ಮುಂದಿಟ್ಟರೆ ಅಪರಾಧಿಯ ಹಣೆ ಬೆವರುತ್ತದೆ. ಅಪರಾಧಿ ಸತ್ತು ಇಪ್ಪತ್ತು ವರ್ಷವಾಗಿದೆ, ಬೆವರುವುದಿಲ್ಲ ಎಂಬುದು ಆಗ ನನಗೆ ದೊಡ್ಡ ತೊಡಕಾಗಿ ಕಾಣಲಿಲ್ಲ.

ಶನಿವಾರ ಮಧ್ಯಾಹ್ನ ಓಣಿಯ ಹನ್ನೆರಡು ಹೆಣ್ಣುಮಕ್ಕಳನ್ನು ಚಹಾ-ಚೂಡಾಕ್ಕೆ ಕರೆದೆ. ಅವರಲ್ಲದೆ ಎದುರುಮನೆಯ ಕಾಶವ್ವನನ್ನು ಕೈ ಹಿಡಿದು ಕರೆತಂದೆ. ಕಾಶವ್ವನಿಗೆ ತೊಂಬತ್ತರ ಹತ್ತಿರ. ಹಲ್ಲು ಒಂದೂ ಇಲ್ಲ, ನೆನಪು ಎಲ್ಲ ಇದೆ. ಅತ್ತೆಯ ಜೀವದ ಗೆಳತಿ. ಆ ಕಾಲದ ಸಾಕ್ಷಿಗಳಲ್ಲಿ ಬದುಕಿ ಉಳಿದವಳು ಅವಳೊಬ್ಬಳೇ. ಪುತಳಿಯ ಮಾತು ಬಂದಾಗಲೆಲ್ಲ ಅವಳು ನನ್ನ ಮುಖ ನೋಡಿ ಸುಮ್ಮನೆ ನಗುತ್ತಿದ್ದಳು. ಆ ನಗು ಐವತ್ತು ವರ್ಷ ನನ್ನನ್ನು ಚುಚ್ಚಿತ್ತು.

ಪಡಸಾಲೆಯಲ್ಲಿ ಗ್ಯಾಸಿನ ಒಲೆಗೂ ಸಿಮೆಂಟಿನ ಚೀಲಗಳಿಗೂ ನಡುವೆ ಎಲ್ಲರೂ ಕೂತರು. ನಮ್ಮವರು ಬಾಗಿಲ ಹತ್ತಿರ ಕುರ್ಚಿ ಹಾಕಿಕೊಂಡರು. ನಾನು ಗಂಟಲು ಸರಿ ಮಾಡಿಕೊಂಡು, ಪುಸ್ತಕದಲ್ಲಿ ಇರುವಂತೆಯೇ ಘೋಷಿಸಿದೆ:

"ಈ ಕೋಣೆಯಿಂದ ಯಾರೂ ಹೊರಗೆ ಹೋಗತಕ್ಕದ್ದಲ್ಲ!"

"ಒಲಿ ಮ್ಯಾಲ ಹಾಲ ಇಟ್ಟ ಬಂದೀನಿ ಚಂಪಕ್ಕ, ಲಗೂ ಹೇಳು" ಎಂದಳು ಮೂಲೆಮನೆಯ ಹೆಂಗಸು.

ನಾನು ಹೇಳಿದೆ. ಸರ, ಪುತಳಿ, ಕಟ್ಟೆಯ ಮಾತು, ಒಳಕಲ್ಲು, ಡಬ್ಬಿ, ಸವಟು, ಎಲ್ಲ. ನನ್ನ ಧ್ವನಿ ಏರುತ್ತ ಹೋಯಿತು. "ಹಿಂಗಾಗಿ ಈ ಮನ್ಯಾಗ ಬಂಗಾರ ಹುಗದವರು ಬೇರೆ ಯಾರೂ ಅಲ್ಲ, ಸ್ವತಃ ತಾನವ್ವನ! ಅರಸರ ಕಾಲದ ಈ ಮೂರು ನಾಣ್ಯಾನ ಅದಕ್ಕ ಸಾಕ್ಷಿ!" ಎಂದು ಆನೆಗಳನ್ನು ತಾಟಿನಲ್ಲಿಟ್ಟು ಕಾಶವ್ವನ ಮುಂದೆ ಹಿಡಿದೆ. "ನೋಡ ಕಾಶವ್ವಾ! ನಿನ್ನ ಗೆಳತೀ ಕೆಲಸಾ!"

ಕಾಶವ್ವ ಒಂದನ್ನು ಎತ್ತಿ ಕಣ್ಣ ಹತ್ತಿರ ತಂದಳು. ಹೆಬ್ಬೆರಳಿಂದ ಆನೆಯ ಬೆನ್ನು ಸವರಿದಳು. ಅವಳ ಹೊಟ್ಟೆ ಅಲುಗಾಡತೊಡಗಿತು. ಆಮೇಲೆ ಭುಜ. ಆಮೇಲೆ ಕೋಲು ಬಿಟ್ಟು ನಗಲು ಶುರು ಮಾಡಿದವಳು ಕೆಮ್ಮು ಬರುವ ತನಕ ನಕ್ಕಳು.

"ಲೇ ಚಂಪೀ, ಯಾವ ಅರಸಲೇ? ಇದು ನಿಪ್ಪಾಣಿ ತಂಬಾಕದ ವಖಾರದ ಬಿಲ್ಲೆ! ಆನಿ ಅಂದ್ರ ಸಾವಕಾರನ ಛಾಪು. ಮುಂಜಾನೆ ಬಾಗಲದಾಗ ಇದನ್ನ ತೋರ್ಸಿ ಒಳಗ ಹೋಗೂದು, ಸಂಜಿಗೆ ತೋರ್ಸಿ ಪಗಾರ ತಗೊಳ್ಳೂದು. ದಾರಾ ಹಾಕಿ ನಡಕ್ಕ ಕಟ್ಟಕೋತಿದ್ವಿ. ನಾನೂ ನಿಮ್ಮತ್ತೀನೂ ಮೂರ ಹಂಗಾಮ ಕೂಡೇ ಹ್ವಾದ್ವಿ."

ಪಡಸಾಲೆಯಲ್ಲಿ ಚೂಡಾ ಅಗಿಯುವ ಸಪ್ಪಳ ನಿಂತಿತು.

"ನಮ್ಮತ್ತಿ? ತಂಬಾಕದ ಕೆಲಸಕ್ಕ? ನಮ್ಮ ಮಾವ ಹೆಣ್ಣಮಕ್ಕಳನ್ನ ಬಾಂವಿಗೂ ಕಳಸ್ತಿದ್ದಿಲ್ಲ!"

"ಅದಕ್ಕ ಅಕ್ಕಗ ಆರಾಮಿಲ್ಲ ಅಂತ ಹೇಳಿ ಹೋಗತಿದ್ಲು. ಹಂಗಾಮ ತೀರಿದ ದಿನ ಬಿಲ್ಲೆ ಒಪ್ಪಸಬೇಕಿತ್ತು. ಆಕಿ ಪ್ರತಿ ವರ್ಸ 'ಕಳದೇತ್ರಿ' ಅಂತ ಸುಳ್ಳ ಹೇಳಿ ಮನಿಗೆ ತಂದ್ಲು. ಯಾಕ ಅಂದ್ರ, 'ಇದು ನನ್ನ ಗಳಿಕಿ ಗುರುತ ಕಾಶಿ, ಇರಲಿ' ಅಂತಿದ್ಲು. ಬಾಯಿ ಬಿಡಬ್ಯಾಡ ಅಂತ ನನ್ನ ಕಡೆ ಆಣಿ ಹಾಕಿಸ್ಕೊಂಡಿದ್ಲು. ಈಗ ಕಲ್ಲ ಬಾಯಿ ಬಿಟ್ಟಮ್ಯಾಲ ನಂದೇನೈತಿ ಮುಚ್ಚಿಡೂದು?"

ನನಗೆ ನೆನಪಾಯಿತು. ಹೌದು, ಮೂರು ಚಳಿಗಾಲ ಅತ್ತೆ ನಿಪ್ಪಾಣಿಯ ಅಕ್ಕನನ್ನು ನೋಡಲು ಹೋಗುತ್ತಿದ್ದರು. ತಿರುಗಿ ಬಂದವರು ಮೊದಲು ಬಚ್ಚಲಿಗೆ ಹೋಗಿ ತಲೆಗೆ ನೀರು ಹಾಕಿಕೊಳ್ಳುತ್ತಿದ್ದರು. ಕಣ್ಣು ಕೆಂಪು, ಸೀನಿನ ಮೇಲೆ ಸೀನು. ಅಕ್ಕನ ಚಿಂತೆಯಲ್ಲಿ ಅತ್ತು ಅತ್ತು ಹೀಗಾಗಿದೆ ಎಂದು ನಾನು ಬೆಲ್ಲದ ಕಷಾಯ ಮಾಡಿಕೊಡುತ್ತಿದ್ದೆ! ತಂಬಾಕಿನ ಘಾಟು ಒಂದು ಊರಿನಿಂದ ಇನ್ನೊಂದು ಊರಿಗೆ ಬರುತ್ತದೆ, ನಾನು ಒಂದೇ ಬಚ್ಚಲಲ್ಲಿ ಹಿಡಿಯಲಿಲ್ಲ.

"ಮನ್ಯಾಗ ಉಣ್ಣಾಕ ಕಡಿಮಿ ಇದ್ದಿಲ್ಲ. ಯಾಕ ಹ್ವಾದ್ಲು ಆಕಿ?" ಎಂದೆ.

"ಹ್ವಾದ ಪುತಳಿ ತಿರುಗಿ ಮಾಡಸಾಕ. ಖಾಲಿ ಜಾಗಾ ನೋಡಿದ್ರ ನಿಮ್ಮ ಮಾವ ಮತ್ತ ಮತ್ತ ಕೆದಕ್ತಾನಂತ ಮೂರ ವರ್ಸ ಸೆರಗ ಮುಚಗೊಂಡ ಅಡ್ಯಾಡಿದ್ಲು. ಮೂರನೇ ಹಂಗಾಮಕ್ಕ ಹೊಸಾದ ಮಾಡಿಸಿ ಹನ್ನೊಂದ ಮಾಡಿದ್ಲು."

"ಸುಳ್ಳು! ಸರದಾಗ ಹತ್ತ ಅದಾವ!"

"ಎಣಿಸೀ ಏನ?"

ಐವತ್ತು ವರ್ಷದಲ್ಲಿ ಆ ಸರವನ್ನು ನಾನು ಒಮ್ಮೆಯೂ ಎಣಿಸಿರಲಿಲ್ಲ. ಮುಖ ತಿರುವಿಕೊಂಡವಳು ಎಣಿಸುವುದೆಲ್ಲಿಂದ ಬಂತು? ಕಳುವಾಗಿದೆ ಎಂದ ಕೂಡಲೇ ಯಾವ ಪೊಲೀಸನಾದರೂ ಮೊದಲು ಮಾಡುವ ಕೆಲಸ ಅದು!

ರೇಖಾ ಮೊಬೈಲ್ ತೆಗೆದು ಕಾಗವಾಡಕ್ಕೆ ಹಚ್ಚಿದಳು. ಎಲ್ಲರಿಗೂ ಕೇಳುವಂತೆ ಸ್ಪೀಕರಿಗೆ ಹಾಕಿದಳು. "ಶಕುಂತಲಾ, ಕಪಾಟ ತಗದು ಅವ್ವನ ಸರ ಎಣಿಸು" ಎಂದೆ. ಆ ಕಡೆ ಕೀಲಿಯ ಸಪ್ಪಳ. ಹನ್ನೆರಡು ಹೆಂಗಸರು ಮೊಬೈಲಿನ ಕಡೆ ಬಗ್ಗಿದರು. ಒಂದು... ಎರಡು... ಮೂಲೆಮನೆಯವಳ ಹಾಲು ಈ ಹೊತ್ತಿಗೆ ಉಕ್ಕಿ ಒಲೆ ಆರಿರಬೇಕು, ಅವಳು ಅಲುಗಾಡಲಿಲ್ಲ. ಒಂಬತ್ತು... ಹತ್ತು...

"ಹನ್ನೊಂದು, ವೈನಿ. ಯಾಕ್ರಿ?"

ಕೋಣೆಯೆಲ್ಲ ಗುಜುಗುಜು. ಆದರೆ ಪತ್ತೇದಾರಿಣಿ ಅಷ್ಟಕ್ಕೆ ಸೋಲುತ್ತಾಳೆಯೇ? "ಆತು, ಹೊಸಾದ ಮಾಡಿಸಿದ್ಲು. ಹಳೇದನ್ನ ಒಯ್ದವ್ರ ಯಾರು? ಅದನ್ನ ಹೇಳ ಕಾಶವ್ವಾ!"

ಬಾಗಿಲ ಹತ್ತಿರ ಕುರ್ಚಿ ಸರಿಯಿತು. ನಮ್ಮವರು ಎದ್ದು ನಿಂತಿದ್ದರು.

"ನಾ ಎಮ್ಮಿಗೆ ನೀರ ಕುಡಿಸಿ ಬರ್ತೀನಿ."

ನಮ್ಮಲ್ಲಿ ಎಮ್ಮೆ ಇಲ್ಲ. ಮಾರಿ ಆರು ವರ್ಷವಾಯಿತು!

"ಕುಂದ್ರಪಾ ಕಂಡಕ್ಟರ" ಎಂದಳು ಕಾಶವ್ವ. "ಇದ ಕಡೀ ಸ್ಟಾಪು."

ನಮ್ಮವರು ಕೂತರು. ಹಣೆ ಬೆವರಿತ್ತು. ಪುಸ್ತಕಗಳು ಸುಳ್ಳು ಹೇಳುವುದಿಲ್ಲ!

"ಮತ್ತೇನ ಮಾಡಲಿ?" ಎಂದರು. "ಲಗ್ನಾದ ಹೊಸದಾಗಿ ನೀ ಸಿಟ್ಟ ಮಾಡಿ ಸತ್ತಿಗೆ ಹೋಗಿ ಕುಂತಿ. ತಿಂಗಳಾತು, ಬರವಲ್ಲಿ. ಬರೀಗೈಲೆ ಹೆಂಗ ಕರಿಯಾಕ ಬರಲಿ? ಅವ್ವ ಜಳಕಕ್ಕ ಹ್ವಾದಾಗ ಸರದಾಗಿಂದ ಒಂದ ಬಿಚ್ಚಿ, ಪತ್ತಾರಗ ಕೊಟ್ಟ ಕರಗಿಸಿದ್ನಿ. ಮೂಗುತಿ ಮಾಡಿಸಿದ್ನಿ."

"ಯಾವ ಮೂಗುತಿ?"

ಹನ್ನೆರಡು ಹೆಂಗಸರೂ, ಕಾಶವ್ವನೂ, ರೇಖಾಳೂ, ಚಹಾ ಕುಡಿಯುತ್ತ ಹೊಸ್ತಿಲಲ್ಲಿ ನಿಂತಿದ್ದ ಮಾರುತಿಯೂ ಒಟ್ಟಿಗೆ ನನ್ನ ಮೂಗು ನೋಡಿದರು.

"ಕೊಲ್ಲಾಪುರದ ಕುಸ್ತಿಯೊಳಗ ಗೆದ್ದ ಇನಾಮು ಅಂದಿದ್ರಿ!" ಎಂದು ಚೀರಿದೆ.

ಎಲ್ಲರೂ ನನ್ನ ಮೂಗು ಬಿಟ್ಟು ನಮ್ಮವರ ಮೈ ನೋಡಿದರು. ನಮ್ಮವರ ಮೈ ಆಗಲೂ ಹೀಗೇ ಇತ್ತು. ಜೋಳದ ದಂಟಿಗೆ ಧೋತರ ಉಡಿಸಿದ ಹಾಗೆ. ಬಸ್ಸು ಬ್ರೇಕು ಹಾಕಿದರೆ ಪ್ರಯಾಣಿಕರು ಕಂಡಕ್ಟರನನ್ನು ಹಿಡಿದು ನಿಲ್ಲಿಸುತ್ತಿದ್ದರು. ಅಂಥವರು ಕೊಲ್ಲಾಪುರದ ಕಣದಲ್ಲಿ ಪೈಲ್ವಾನರನ್ನು ಚಿತ್ ಮಾಡಿ ಬಂಗಾರ ಗೆದ್ದು ತಂದರೆಂದು ನಾನು ಐವತ್ತು ವರ್ಷ ನಂಬಿದ್ದೆ! ಓಣಿಯಲ್ಲೆಲ್ಲ ಹೇಳಿಕೊಂಡು ತಿರುಗಿದ್ದೆ! ಮೊಮ್ಮಕ್ಕಳಿಗೆ ಕಥೆ ಮಾಡಿ ಹೇಳಿದ್ದೆ!

"ಅವ್ವ ನಿನ್ನ ಮೂಗ ನೋಡಿದ ದಿನಾನ ತಿಳಕೊಂಡ್ಲು" ಎಂದರು ನಮ್ಮವರು, ನೆಲ ನೋಡುತ್ತ. "ಅಪ್ಪಗ ಹೇಳಿದ್ರ ಅಪ್ಪ ನನ್ನ ತೊಗಲ ಸುಲೀತಿದ್ದ."

"ಮಗನ ತೊಗಲ ಉಳಸಾಕ ನನ್ನ ಮಾನಾ ತಗದ್ಲೇನು?" ಎಂದು ಕಾಶವ್ವನ ಕಡೆ ತಿರುಗಿದೆ. "ಕಳ್ಳಿ ಅಂತ ಹೆಸರ ಇಟ್ಲಲ್ಲ!"

"ಆಕಿ ಕಳ್ಳಿ ಅಂತ ಯಾವಾಗ ಅಂದ್ಲಲೇ?" ಕಾಶವ್ವ ಬೊಚ್ಚುಬಾಯಿ ಅಗಲಿಸಿದಳು. "'ನನ್ನ ಪುತಳಿ ಸೊಸಿ ಹಂತ್ಯಾಕ ಐತಿ' ಅಂದ್ಲು. ಐತೋ ಇಲ್ಲೋ? ನೀನ ಹೇಳು!"

ನಾನು ಮೂಗುತಿಗೆ ಕೈ ಹಾಕಿದೆ, ಕಿತ್ತು ತಾಟಿಗೆ ಒಗೆಯಬೇಕೆಂದು. ಬರಲಿಲ್ಲ. ಐವತ್ತು ವರ್ಷದಲ್ಲಿ ಅದು ಮೂಗಿನ ಜೊತೆ ಒಕ್ಕಲಾಗಿಬಿಟ್ಟಿತ್ತು. ರೇಖಾ ಕೊಬ್ಬರಿ ಎಣ್ಣೆ ತಂದಳು. ಒಬ್ಬಳು ಸಾಬೂನು ಅಂದಳು, ಇನ್ನೊಬ್ಬಳು ದಾರ ಸುತ್ತಿ ಜಗ್ಗು ಅಂದಳು. ಮಾರುತಿ ತನ್ನ ಪಕ್ಕಡ ತರಲೇ ಎಂದು ಕೇಳಿದ. ಮೂಗು ಗಜ್ಜರಿಯಂತೆ ಕೆಂಪಾಯಿತು, ಮೂಗುತಿ ಮಾತ್ರ ಜಗ್ಗಲಿಲ್ಲ. ನನಗೆ ಸೀನು ಬಂತು. ಒಂದಲ್ಲ, ಏಳು.

ಏಳನೇ ಸೀನು ಮುಗಿದ ಮೇಲೆ ಸಿಮೆಂಟಿನ ಚೀಲದ ಮೇಲಿಂದ ಒಂದು ಧ್ವನಿ ಬಂತು.

"ವೈನೀ... ನಾ ಇನ್ನೂ ಲೈನಿನ್ಯಾಗ ಅದೀನ್ರಿ." ಮೊಬೈಲನ್ನು ಯಾರೂ ಬಂದ್ ಮಾಡಿರಲಿಲ್ಲ! "ಎಲ್ಲಾ ಕೇಳಿದ್ನಿ. ಹಂಗಾರ ಆ ಮೂಗುತಿ ನಮ್ಮವ್ವಂದ ಅಂದಂಗಾತು. ಅವಸರ ಇಲ್ಲ. ಮುಂದಿನ ವಾರ ನಾನ ಬರ್ತೀನಿ. ಅಲ್ಲೀತನಕ ಕಳೀಬ್ಯಾಡ್ರಿ, ಅಷ್ಟ."

ಹೆಂಗಸರು ನಕ್ಕು ನಕ್ಕು ಸುಸ್ತಾಗಿ, ಉಳಿದ ಚೂಡಾವನ್ನು ಸೆರಗಿಗೆ ಕಟ್ಟಿಕೊಂಡು ಹೋದರು. ಮರುದಿನ ರೇಖಾಳ ತಾಯಿ-ತಂದೆ ಬಂದು, ಪಡಸಾಲೆಯಲ್ಲಿ ಸಿಮೆಂಟಿನ ಚೀಲಕ್ಕೆ ಒರಗಿ ಕೂತು, ಕುಣಿಯನ್ನು ನೋಡುತ್ತ ಊಟ ಮಾಡಿದರು. ಉಣ್ಣುವಾಗ ಆ ಬೀಗತಿಯೂ ನಾಲ್ಕು ಸಲ ನನ್ನ ಮೂಗು ನೋಡಿದಳು. ಸುದ್ದಿ ನಮಗಿಂತ ಮೊದಲು ಬಸ್ಸು ಹತ್ತಿ ಹೋಗಿರಬೇಕು.

ಹೀಗೆ ನನ್ನ ಜೀವಮಾನದ ತನಿಖೆ ಪೂರ್ಣಗೊಂಡಿತು. ಐವತ್ತು ವರ್ಷ ನಾನು ಸಾಕ್ಷಿಯಿಲ್ಲದ ಕಳ್ಳಿಯಾಗಿದ್ದೆ. ಒಂದು ವಾರ ಹಗಲೆಲ್ಲ ದುಡಿದು, ಅಡುಗೆಮನೆ ಅಗೆಸಿ, ಓಣಿಗೆಲ್ಲ ಚಹಾ ಕುಡಿಸಿ, ಸಾಕ್ಷಿ ಸಮೇತ ಕಳ್ಳಿಯಾದೆ!